ಮನೆಯವರ ಬಗ್ಗೆ ಸಾಕ್ಷ್ಯಚಿತ್ರ: ಕ್ಯಾಮೆರಾ ಆಮೇಲೆ, ಕ್ಯಾಸೆಟ್ ಮೊದಲು

ನಿಮ್ಮ ಹತ್ತಿರ ಇರುವುದು ಒಂದು ಫೋನು, ಅಪ್ಪ ಅಮ್ಮನ ಮದುವೆಯ ವಿಎಚ್‌ಎಸ್ ವಿಡಿಯೊ ಕ್ಯಾಸೆಟ್, ಮಾತಾಡಲು ಒಪ್ಪಿರುವ ಅಮ್ಮ. ಸ್ವಂತ ಮನೆಯ ಕಥೆಯನ್ನು ಸಾಕ್ಷ್ಯಚಿತ್ರ ಮಾಡಲು ಎಲ್ಲಿಂದ ಶುರು ಮಾಡಬೇಕು ಎಂದು ಕೇಳಿದ್ದೀರಿ. ಕ್ಯಾಸೆಟ್‌ನಿಂದ ಶುರು ಮಾಡಿ.

ಸುರುಳಿಯ ಮೇಲೆ ಬಿಳಿ ಪುಡಿಯಂಥದ್ದು ಕಂಡರೆ ಅದು ಬೂಸ್ಟು. ಹಾಗೇ ಪ್ಲೇಯರ್‌ಗೆ ಹಾಕಬೇಡಿ. ಪ್ಲೇಯರ್‌ನೊಳಗೆ ಟೇಪನ್ನು ಓದುವ ಹೆಡ್‌ಗೆ ಮೆತ್ತಿಕೊಂಡು ಉಳಿದ ಕ್ಯಾಸೆಟ್‌ಗಳಿಗೂ ಹರಡುತ್ತದೆ, ಟೇಪೂ ಹರಿಯಬಹುದು. ಟೇಪ್ ಶುಚಿ ಮಾಡಿ ಡಿಜಿಟಲ್ ಮಾಡಿಕೊಡುವವರಿಗೆ ಕೊಡಿ. ಕೊಡುವಾಗ 720×576 ಪಿಕ್ಸೆಲ್, ಸೆಕೆಂಡಿಗೆ 25 ಫ್ರೇಮ್ (ಬಿಡಿ ಚಿತ್ರ), ಅಗಲ-ಎತ್ತರದ ಅಳತೆ 4:3 ಎಂದು ಬರೆದೇ ಕೊಡಿ. ಟಿವಿ ತುಂಬಲಿ ಎಂದು ಅಗಲಕ್ಕೆ ಎಳೆದುಬಿಟ್ಟರೆ ಎಲ್ಲರ ಮುಖವೂ ದಪ್ಪಗಾಗುತ್ತದೆ. ಸಿಕ್ಕ ಫೈಲನ್ನು ಎರಡು ಹಾರ್ಡ್‌ಡಿಸ್ಕ್‌ಗೆ ಹಾಕಿ, ಒಂದನ್ನು ಬೇರೆ ಮನೆಯಲ್ಲಿಡಿ.

ದುಡ್ಡು ಕೊಟ್ಟು ತೆಗೆಸಿದ ವಿಡಿಯೊದ ಹಕ್ಕು, ಬೇರೆ ಕರಾರು ಇಲ್ಲದಿದ್ದರೆ, ತೆಗೆಸಿದವರದು. 1957ರ ಕೃತಿಸ್ವಾಮ್ಯ ಕಾಯ್ದೆಯ 17ನೇ ಸೆಕ್ಷನ್ ಹಾಗೆ ಹೇಳುತ್ತದೆ. ಆದರೆ ಮುಹೂರ್ತದ ದೃಶ್ಯಕ್ಕೆ ಸ್ಟುಡಿಯೊದವರು ಹಾಕಿದ ಸಿನಿಮಾ ಹಾಡಿನ ಹಕ್ಕು ಬೇರೆಯವರದು. ಅನುಮತಿ ಇಲ್ಲದೆ ಬಳಸಿದರೆ ಯೂಟ್ಯೂಬ್‌ನಲ್ಲೂ ತೊಂದರೆ, ಚಿತ್ರೋತ್ಸವದಲ್ಲೂ ತೊಂದರೆ. ಹಾಡು ಹಾಕಿದ ಕಡೆ ಮೂಲ ಸದ್ದು ಸಾಮಾನ್ಯವಾಗಿ ಉಳಿದಿರುವುದಿಲ್ಲ.

ನಿಮ್ಮ ಚಿತ್ರಕ್ಕೆ ದಾರಿ ಸಿಗುವುದೇ ಇಲ್ಲಿ. ಆ ವಿಡಿಯೊವನ್ನು ಸದ್ದಿಲ್ಲದೆ ಲ್ಯಾಪ್‌ಟಾಪ್‌ನಲ್ಲಿ ಹಾಕಿ, ಅಮ್ಮನ ಪಕ್ಕ ಕೂತು ನೋಡಿ, ಮಾತನ್ನು ರೆಕಾರ್ಡ್ ಮಾಡಿ. ‘ಆಗ ಹೇಗನಿಸಿತು?’ ಎಂದರೆ ‘ಏನೋಪ್ಪ, ನೆನಪಿಲ್ಲ’ ಎಂಬ ಉತ್ತರ ಬರುತ್ತದೆ. ‘ಈ ಹಸಿರು ಸೀರೆಯವರು ಯಾರು? ಧಾರೆ ಹೊತ್ತಿಗೆ ಯಾಕೆ ಕಾಣಲ್ಲ?’ ಎಂದು ಕೇಳಿ. ಕಥೆ ತಾನೇ ಬಿಚ್ಚಿಕೊಳ್ಳುತ್ತದೆ.

ಕಾಲರ್ ಮೈಕ್ ಎರಡು ಬೇಕು, ಒಂದು ನಿಮಗೆ. ಮೊದಲ ಸಲ ಮಾಡುವವರು ತಮ್ಮ ಪ್ರಶ್ನೆಗಳನ್ನು ಕತ್ತರಿಸಿ ಹಾಕಿ, ಆಮೇಲೆ ಸ್ಟುಡಿಯೊದಲ್ಲಿ ಕೂತು ಸಾಹಿತ್ಯದ ಭಾಷೆಯಲ್ಲಿ ನಿರೂಪಣೆ ಓದುತ್ತಾರೆ. ನನ್ನ ಪ್ರಕಾರ ಆತ್ಮಕಥನ ಸೋಲುವುದು ಅಲ್ಲೇ. ಪ್ರಶ್ನೆ ಕೇಳುವಾಗ ನಿಮ್ಮ ದನಿ ತಡವರಿಸಿದರೆ ಆ ತಡವರಿಕೆಯೂ ಚಿತ್ರದ ಭಾಗ.

ಸೀರೆಯ ಸೆರಗು, ಬಳೆ, ಮಾಂಗಲ್ಯದ ಸರ ಮೈಕಿಗೆ ತಾಗದಂತೆ ನೋಡಿಕೊಳ್ಳಿ. ಫ್ಯಾನ್, ಫ್ರಿಜ್ ಆರಿಸಿ. ಮಾತು ಮುಗಿದ ಮೇಲೆ ಒಂದು ನಿಮಿಷ ಸುಮ್ಮನೆ ಕೂತು ಕೋಣೆಯ ಸದ್ದನ್ನು ಹಿಡಿಯಿರಿ; ಎಡಿಟ್‌ನಲ್ಲಿ ಎರಡು ಮಾತುಗಳ ನಡುವಿನ ಬಿರುಕು ಮುಚ್ಚುವುದು ಅದೇ. ಫೋನಿನಲ್ಲಿ ಫ್ರೇಮ್ ದರವನ್ನು 25ಕ್ಕೆ, ಶಟರನ್ನು (ಒಂದೊಂದು ಫ್ರೇಮಿಗೆ ಬೆಳಕು ಬೀಳುವ ಹೊತ್ತು) 1/50 ಸೆಕೆಂಡಿಗೆ ಲಾಕ್ ಮಾಡುವ ಆ್ಯಪ್ ಬಳಸಿ. ನಮ್ಮ ಕರೆಂಟು 50 ಹರ್ಟ್ಸ್, ಬೇರೆ ಶಟರ್ ಇಟ್ಟರೆ ಟ್ಯೂಬ್‌ಲೈಟ್ ಮಿನುಗಬಹುದು. ಫೋನಿನ ಮಾಮೂಲಿ ಕ್ಯಾಮೆರಾದಲ್ಲಿ ಫ್ರೇಮ್ ದರ ಏರಿಳಿಯುವುದರಿಂದ, ಬೇರೆ ರೆಕಾರ್ಡರ್‌ನ ಸದ್ದು ಹೋಗ್ತಾ ಹೋಗ್ತಾ ತುಟಿಗೆ ಹೊಂದುವುದಿಲ್ಲ.

ಅಮ್ಮನ ಒಪ್ಪಿಗೆ ಒಂದೇ ಸಲಕ್ಕೆ ಮುಗಿಯುವುದಿಲ್ಲ. ಮೊದಲು ಬರೆಸಿಕೊಳ್ಳಿ, ಮೊದಲ ಎಡಿಟ್ ಆದ ಮೇಲೆ ಅವರೊಬ್ಬರಿಗೇ ತೋರಿಸಿ ಮತ್ತೆ ಕೇಳಿ. ಬೇಡ ಎಂದ ಜಾಗವನ್ನು ತೆಗೆಯಿರಿ. ಅತ್ತೆಯ ಬಗ್ಗೆ ಅಮ್ಮ ಏನಾದರೂ ಹೇಳಿದ್ದರೆ ಅದಕ್ಕೆ ಅತ್ತೆಯ ಒಪ್ಪಿಗೆಯೂ ಬೇಕು, ಅದನ್ನು ಚಿತ್ರೋತ್ಸವಕ್ಕೆ ಕಳಿಸುವ ಮೊದಲೇ ಕೇಳಿ.