ಐಫೋನಿನಲ್ಲಿ ಗೇಮ್ ಸೆಂಟರ್ ಆಫ್ ಮಾಡುವುದು ಹೇಗೆ, ಅದರ ಆ್ಯಪ್ ಎಲ್ಲೂ ಕಾಣುವುದಿಲ್ಲವೇಕೆ?

ಗೇಮ್ ಸೆಂಟರ್ ಎಂದರೆ ಆಟ ಆಡುವವರನ್ನು ಗುರುತಿಸಿ ಗೆಳೆಯರೊಡನೆ ಜೋಡಿಸುವ ಆಪಲ್‌ನ ಸೇವೆ. ಸೆಟ್ಟಿಂಗ್ಸ್ ತೆರೆದು, ಪಟ್ಟಿಯಲ್ಲಿ ಕೆಳಗೆ ಹೋಗಿ ಗೇಮ್ ಸೆಂಟರ್ ಒತ್ತಿ, ಮೊದಲಿಗೇ ಕಾಣುವ ಹಸಿರು ಸ್ವಿಚ್ಚನ್ನು ಆಫ್ ಮಾಡಿದರೆ, ಆಟ ತೆರೆದಾಗ ಪರದೆಯ ಮೇಲಿನಿಂದ ಇಳಿಯುವ ಸ್ವಾಗತದ ಸಂದೇಶವೂ ಗೆಳೆತನದ ಕೋರಿಕೆಗಳೂ ನಿಲ್ಲುತ್ತವೆ.

2010ರಲ್ಲಿ ಬಂದ ಈ ಸೇವೆಗೆ ಆಗ ತನ್ನದೇ ಆದ ಆ್ಯಪ್ ಇತ್ತು. 2016ರಲ್ಲಿ, ಐಫೋನಿನ ಕಾರ್ಯಾಚರಣಾ ತಂತ್ರಾಂಶವಾದ ಐಒಎಸ್‌ನ 10ನೇ ಆವೃತ್ತಿಯೊಂದಿಗೆ, ಆಪಲ್ ಆ ಆ್ಯಪನ್ನು ತೆಗೆದು ಸೇವೆಯನ್ನು ಮಾತ್ರ ಫೋನಿನ ವ್ಯವಸ್ಥೆಯೊಳಗೇ ಉಳಿಸಿಕೊಂಡಿತು. ಆದ್ದರಿಂದ ಇದನ್ನು ಅಳಿಸಲು ಬರುವುದಿಲ್ಲ, ಆಫ್ ಮಾಡಬಹುದು ಅಷ್ಟೆ. ಆಟವು ತೆರೆದ ಕೂಡಲೇ ಆಡುತ್ತಿರುವವರು ಯಾರೆಂದು ಈ ಸೇವೆಯನ್ನು ವಿಚಾರಿಸುತ್ತದೆ. ನೀವು ಅದರಿಂದ ಹೊರಬಂದಿದ್ದರೆ ಹೆಸರು ಹೇಳಿ ಸ್ವಾಗತಿಸಲು ಅದಕ್ಕೆ ಯಾರೂ ಸಿಗುವುದಿಲ್ಲ.

ಒಂದು ಎಚ್ಚರಿಕೆ ಮುಖ್ಯ. ಕೆಲವು ಆಟಗಳು ನೀವು ತಲುಪಿದ ಹಂತವನ್ನು ನಿಮ್ಮ ಗೇಮ್ ಸೆಂಟರ್ ಖಾತೆಯ ಹೆಸರಿನಲ್ಲೇ ಗುರುತಿಸುತ್ತವೆ. ದಸರಾ ರಜೆಗೆಂದು ಮೈಸೂರಿಗೆ ಬಂದಿದ್ದ ಅಣ್ಣನ ಮಗಳ ಫೋನಿನಲ್ಲಿ ಇದನ್ನು ಆಫ್ ಮಾಡುವ ಮೊದಲು, ಕುವೆಂಪುನಗರದ ಮನೆಯ ಜಗಲಿಯಲ್ಲಿ ಕುಳಿತು, ಆಟದೊಳಗಿನ ಸೆಟ್ಟಿಂಗ್ಸ್‌ನಲ್ಲಿ ಇಮೇಲ್ ಖಾತೆಯನ್ನು ಜೋಡಿಸಿಕೊಟ್ಟೆ. ಅವಳು ದಾಟಿದ್ದ ಹಂತಗಳೆಲ್ಲ ಹಾಗೆಯೇ ಉಳಿದವು. ಮಕ್ಕಳಿಗೆ ಅಪರಿಚಿತರ ಕೋರಿಕೆ ಬಾರದಿದ್ದರೆ ಸಾಕು ಎನ್ನುವವರು ಪೂರ್ತಿ ಆಫ್ ಮಾಡಬೇಕಿಲ್ಲ. ಸೆಟ್ಟಿಂಗ್ಸ್‌ನಲ್ಲೇ ಇರುವ ಸ್ಕ್ರೀನ್ ಟೈಮ್‌ನ ನಿರ್ಬಂಧಗಳಲ್ಲಿ ಗೆಳೆಯರನ್ನು ಸೇರಿಸುವುದನ್ನಷ್ಟೇ ತಡೆಯಬಹುದು.