ಪದವಿಚಾರ: ಎತ್ನೋಮೇನಿಯಾ

ಪ್ರಶ್ನೆ: ಇಂಗ್ಲಿಷ್ ಲೇಖನವೊಂದರಲ್ಲಿ ‘ಎತ್ನೋಮೇನಿಯಾ’ ಎಂಬ ಪದವನ್ನು ಕಂಡೆ. ಇದನ್ನು ‘ಜನಾಂಗದ್ವೇಷ’ ಎಂದು ಅನುವಾದಿಸಬಹುದೇ?
– ಓದುಗರೊಬ್ಬರು, ಉಡುಪಿ

ಉತ್ತರ: ಹಾಗೆ ಅನುವಾದಿಸಿದರೆ ಅರ್ಥ ಕೆಡುತ್ತದೆ. ಗ್ರೀಕ್ ಭಾಷೆಯ ‘ಎತ್ನೋಸ್’ ಎಂದರೆ ಜನಸಮುದಾಯ, ‘ಮೇನಿಯಾ’ ಎಂದರೆ ಹುಚ್ಚು. ಇವೆರಡೂ ಸೇರಿದಾಗ, ಸಮುದಾಯದ ಗುರುತನ್ನು ಬಿಟ್ಟು ಬೇರೇನನ್ನೂ ಯೋಚಿಸಲಾಗದ ಗೀಳು ಎಂಬ ಅರ್ಥ ಹೊರಡುತ್ತದೆ. ದ್ವೇಷವು ಅದರ ಫಲವಾಗಬಹುದು, ಆದರೆ ಪದದ ಅರ್ಥದೊಳಗೆ ಅದಿಲ್ಲ. ಅಮೆರಿಕದ ಸಮಾಜಶಾಸ್ತ್ರಜ್ಞ ವಿಲಿಯಂ ಗ್ರಹಾಂ ಸಮ್ನರ್ 1906ರ ತಮ್ಮ ಗ್ರಂಥದಲ್ಲಿ ಪ್ರಚುರಪಡಿಸಿದ ‘ಎತ್ನೋಸೆಂಟ್ರಿಸಂ’ ಇದಕ್ಕಿಂತ ಭಿನ್ನ: ತನ್ನವರನ್ನೇ ಅಳತೆಗೋಲಾಗಿಟ್ಟು ಉಳಿದವರನ್ನು ಅಳೆಯುವುದು ಅದು.

ನಮ್ಮ ಕರಾವಳಿಯಿಂದಲೇ ಉದಾಹರಣೆ ಕೊಡಬಹುದು. ಮದುವೆಯ ಮಾತುಕತೆಯಲ್ಲಿ ‘ನಿಮ್ಮದು ಯಾವ ಬರಿ?’ (ಬರಿ ಎಂದರೆ ತಾಯಿಯ ಕಡೆಯಿಂದ ಬರುವ ಕುಲ) ಎಂದು ಬಂಟರ ಮನೆಯ ಹಿರಿಯರು ವಿಚಾರಿಸುವುದು ಗೀಳಲ್ಲ. ಒಂದೇ ಬರಿಯವರಲ್ಲಿ ವಿವಾಹ ಕೂಡದೆಂಬ ಕಟ್ಟಳೆಗೆ ಅದು ಅಗತ್ಯವಾದ ಪ್ರಶ್ನೆ. ತುಳು, ಕೊಂಕಣಿ, ಬ್ಯಾರಿ ಭಾಷೆಗಳು ಒಂದೇ ಬೀದಿಯಲ್ಲಿ ಕೇಳಿಬರುವ ಮಂಗಳೂರಿನಲ್ಲಿ ತನ್ನ ಮನೆಮಾತಿನ ಬಗ್ಗೆ ಹೆಮ್ಮೆಪಡುವುದೂ ಗೀಳಲ್ಲ. ಆದರೆ ಯಕ್ಷಗಾನದ ಭಾಗವತರ ಪದ್ಯಕ್ಕೆ ಕಿವಿಗೊಡುವ ಮೊದಲೇ ‘ಅವರು ನಮ್ಮವರೋ’ ಎಂದು ತಿಳಿದುಕೊಳ್ಳದೆ ನೆಮ್ಮದಿ ಸಿಗದಿದ್ದರೆ (ಅಂಥವರು ನಮಗೆ ಅಪರಿಚಿತರೇನಲ್ಲ!), ಅಲ್ಲಿ ಈ ಪದ ಸಲ್ಲುತ್ತದೆ.

ಕನ್ನಡದಲ್ಲಿ ‘ಜನಾಂಗವ್ಯಾಮೋಹ’ ಎನ್ನಬಹುದು. ‘ಉನ್ಮಾದ’ ಮೂಲಕ್ಕೆ ಹತ್ತಿರವಾದರೂ ರೋಗದ ಹೆಸರಿನಂತೆ ಕೇಳಿಸುತ್ತದೆ; ಇದೋ ವೈದ್ಯರ ಪದವಲ್ಲ, ಟೀಕಾಕಾರರ ಪದ. ವ್ಯಕ್ತಿಗೆ ಅಂಟಿಸುವುದಕ್ಕಿಂತ ಒಂದು ವಾದಕ್ಕೆ ಅಥವಾ ಧೋರಣೆಗೆ ಬಳಸುವುದು ಹೆಚ್ಚು ಉಚಿತ.