ಹೆಸರು ಬದಲಾಯಿಸಿಕೊಳ್ಳಬೇಡಿ

ಮುಂದಿನ ತಿಂಗಳು ಕೆಲಸಕ್ಕೆಂದು ಟೋಕಿಯೋಗೆ ಬರುತ್ತಿದ್ದೀರಿ. ನಿಮ್ಮ ಹೆಸರು ಜಪಾನಿಗಳ ಬಾಯಲ್ಲಿ ಹೊರಳುವುದಿಲ್ಲವಂತೆ, ಸುಲಭದ್ದೊಂದು ಇಟ್ಟುಕೊಳ್ಳಲಾ ಎಂದು ಕೇಳಿದ್ದೀರಿ. ಬೇಡ. ನನ್ನ ಹೆಸರನ್ನೂ ಮೊದಮೊದಲು ಎಳೆದೆಳೆದು ಹೇಳುತ್ತಿದ್ದರು. ಆಮೇಲೆ ರೂಢಿಯಾಯಿತು.

ಇದೇ ಊರಿನಲ್ಲಿ ನಮ್ಮವರೊಬ್ಬರು ಜೀವ ಉಳಿಸಿಕೊಳ್ಳಲು ಹೆಸರು ಮುಚ್ಚಿಡಬೇಕಾಯಿತು. ಸ್ವಾತಂತ್ರ್ಯ ಹೋರಾಟಗಾರ ರಾಸ್ ಬಿಹಾರಿ ಬೋಸ್. 1912ರಲ್ಲಿ ದೆಹಲಿಯಲ್ಲಿ ವೈಸ್‌ರಾಯ್ ಹಾರ್ಡಿಂಜ್ ಮೇಲೆ ಬಾಂಬ್ ಬಿದ್ದ ಸಂಚಿನ ಹಿಂದಿದ್ದವರು. ಪೊಲೀಸರು ಬೆನ್ನು ಹತ್ತಿದಾಗ, 1915ರಲ್ಲಿ, ಕವಿ ರವೀಂದ್ರರ ಸಂಬಂಧಿ ಪಿ.ಎನ್. ಠಾಗೋರ್ ಎಂದು ಹೇಳಿಕೊಂಡು ಕಲ್ಕತ್ತಾದಲ್ಲಿ ಹಡಗು ಹತ್ತಿದರು.

ಇಲ್ಲೂ ನೆಮ್ಮದಿ ಸಿಗಲಿಲ್ಲ. ಜಪಾನ್ ಆಗ ಬ್ರಿಟಿಷರ ಮಿತ್ರ. ಗುರುತು ಬಯಲಾಯಿತು, ವರ್ಷದ ಕೊನೆಗೆ ದೇಶ ಬಿಡಿ ಎಂದು ಆಜ್ಞೆ ಬಂತು. ಆಗ ತೋಯಾಮಾ ಮಿತ್ಸುರು ಎಂಬ ಪ್ರಭಾವಿ ನಾಯಕರ ಮನೆಯಿಂದ ಅವರನ್ನು ಗುಟ್ಟಾಗಿ ಹೊರಗೆ ಸಾಗಿಸಿ, ಶಿಂಜುಕುವಿನ ನಕಮುರಾಯಾ ಬೇಕರಿಯ ಹಿಂದೆ ಬಚ್ಚಿಟ್ಟರು. ಅಂಗಡಿಯ ಸೋಮಾ ದಂಪತಿಗೆ ಅವರು ಬಂಧುವಲ್ಲ, ಬಳಗವಲ್ಲ. ಆದರೂ ಸಿಕ್ಕಿಬಿದ್ದರೆ ಏನು ಗತಿ ಎಂದು ಯೋಚಿಸದೆ ತಿಂಗಳುಗಟ್ಟಲೆ ಅನ್ನ ಹಾಕಿದರು. ನನಗೆ ಈ ಊರಿನ ಮೇಲೆ ಪ್ರೀತಿ ಹುಟ್ಟಿದ್ದೇ ಈ ಕಥೆ ಕೇಳಿ.

1916ರಲ್ಲಿ ಆಜ್ಞೆ ರದ್ದಾಯಿತು. ಆದರೂ ಪತ್ತೇದಾರರ ಕಾಟ ತಪ್ಪಲಿಲ್ಲ, ಮನೆಯಿಂದ ಮನೆಗೆ ಓಡಾಟ. 1918ರಲ್ಲಿ ಸೋಮಾ ಅವರ ಮಗಳು ತೋಶಿಕೋ ಅವರನ್ನು ಮದುವೆಯಾದರು. ಆಕೆ ಆ ಅಲೆದಾಟದಲ್ಲೂ ಜೊತೆಗಿದ್ದರು, 1925ರಲ್ಲೇ ತೀರಿಕೊಂಡರು. ಬೋಸ್ ಅಷ್ಟರಲ್ಲಿ ಜಪಾನೀ ಪ್ರಜೆಯಾಗಿದ್ದರು. ಭಾಷೆಯನ್ನು ಎಷ್ಟು ಚೆನ್ನಾಗಿ ಕಲಿತರೆಂದರೆ ಅದರಲ್ಲೇ ಪುಸ್ತಕ ಬರೆದರು.

1927ರಲ್ಲಿ ಅದೇ ನಕಮುರಾಯಾದಲ್ಲಿ ಅವರು ಹೇಳಿಕೊಟ್ಟ ಕರಿ, ಅಂದರೆ ಮಸಾಲೆ ಸಾರು, ಮಾರಾಟಕ್ಕೆ ಬಂತು. ಟೋಕಿಯೋದವರು ತಿನ್ನುತ್ತಿದ್ದುದು ಬ್ರಿಟಿಷರ ಕಡೆಯಿಂದ ಬಂದ, ಮೈದಾ ಹಾಕಿ ಗಟ್ಟಿ ಮಾಡಿದ ಕರಿ. ನಮ್ಮದು ಹಾಗಲ್ಲ ಎಂದು ಬೋಸ್ ಅವರಿಗೆ ಹಟ. ಹೆಸರು ಬಚ್ಚಿಟ್ಟು ಬಂದವರು ಊರಿನ ರುಚಿಯನ್ನು ಬಚ್ಚಿಡಲಿಲ್ಲ, ಅಲ್ವಾ?

ನಿಮಗೆ ಆ ಕಷ್ಟವಿಲ್ಲ. ಮನೆ ಸೇರಿದ 14 ದಿನದೊಳಗೆ ವಾರ್ಡ್ ಆಫೀಸಿಗೆ ಹೋಗಿ ವಿಳಾಸ ಬರೆಸಿ. ಪಾಸ್‌ಪೋರ್ಟಿನ ಹೆಸರೇ ಅಲ್ಲೂ ಇರುತ್ತದೆ. ವಿದೇಶಿ ಹೆಸರು ಬರೆಯಲು ಜಪಾನಿಗಳು ಬಳಸುವ ಕಟಕಾನಾ ಲಿಪಿಯಲ್ಲಿ ನಿಮ್ಮ ಹೆಸರನ್ನು ಹೇಗೆ ಬರೆಯುವುದೆಂದು ಈಗಲೇ ಗೊತ್ತು ಮಾಡಿಕೊಳ್ಳಿ. ಎಲ್ಲ ಕಡೆ ಒಂದೇ ತರಹ ಬರೆಯಿರಿ. ನಾನು ಬ್ಯಾಂಕಿನಲ್ಲಿ ಒಂದು, ಬಾಡಿಗೆ ಪತ್ರದಲ್ಲಿ ಇನ್ನೊಂದು ಬರೆದು ಒಂದು ವಾರ ಅಲೆದಿದ್ದೇನೆ. ಬಾಡಿಗೆ ಮನೆಗೆ ಒಂದೆರಡು ಕಡೆ ವಿದೇಶಿಯರಿಗೆ ಕೊಡಲ್ಲ ಎನ್ನಬಹುದು. ಬೇಜಾರಾಗುತ್ತದೆ, ಆದರೆ ಕೊಡುವವರೂ ಇದ್ದಾರೆ.

ನಕಮುರಾಯಾ ಶಿಂಜುಕುವಿನಲ್ಲಿ ಈಗಲೂ ಇದೆ, ಆ ಕರಿಯೂ ಇದೆ. ಬಂದ ಮೊದಲ ಭಾನುವಾರ ನಾನೇ ಕರೆದುಕೊಂಡು ಹೋಗುತ್ತೇನೆ. ಕೋಳಿ ತಿನ್ನುತ್ತೀರಾ, ತಿಳಿಸಿ.